ಡೆಸ್‌ನ ಮಾತು, ಹೊರೇಸ್‌ನ ತುಟಿ

ಹೊರೇಸ್ ಟ್ಯಾಟರ್ಸಲ್‌ನ ತಾಯಿ ನೆಲ್ಸನ್ ಊರಿನ ಹತ್ತಿ ಗಿರಣಿಯಲ್ಲಿ ಇಪ್ಪತ್ತೆಂಟು ವರ್ಷ ಮಗ್ಗದ ಮುಂದೆ ನಿಂತವಳು. ಇಂಗ್ಲೆಂಡಿನ ಉತ್ತರದ ನಮ್ಮ ಲ್ಯಾಂಕಷೈರ್ ಕಡೆಯ ಗಿರಣಿಗಳಲ್ಲಿ ನೂರಾರು ಮಗ್ಗಗಳು ಒಟ್ಟಿಗೆ ಹೊಡೆದುಕೊಳ್ಳುವಾಗ, ಕಿವಿಗೆ ಬಾಯಿಟ್ಟು ಕೂಗಿದರೂ ಪಕ್ಕದವಳಿಗೆ ಕೇಳುತ್ತಿರಲಿಲ್ಲ. ಅದಕ್ಕೇ ಹೆಂಗಸರು ದನಿಯಿಲ್ಲದೆ ಮಾತಾಡುತ್ತಿದ್ದರು. ತುಟಿ ಅಗಲಿಸಿ, ಹುಬ್ಬು ಏರಿಸಿ, ಒಂದೊಂದು ಮಾತನ್ನೂ ಮುಖದ ಮೇಲೆ ದಪ್ಪಕ್ಷರದಲ್ಲಿ ಬರೆದ ಹಾಗೆ ತೋರಿಸುವರು. ನಾಲ್ಕು ಮಗ್ಗದಾಚೆ ನಿಂತವಳು ಅದನ್ನು ಓದಿಕೊಂಡು ನಗುವಳು. ಯಾರ ಗಂಡ ಕುಡಿದು ಎಲ್ಲಿ ಬಿದ್ದ, ಯಾರ ಮಗಳಿಗೆ ತಿಂಗಳು ತಪ್ಪಿತು, ಊರಿನ ಗುಟ್ಟೆಲ್ಲ ಆ ಗದ್ದಲದೊಳಗೆ ಸದ್ದಿಲ್ಲದೆ ಓಡಾಡುತ್ತಿತ್ತು. ಮನೆಗೆ ಬಂದರೂ ಅವರದು ಅದೇ ಅಭ್ಯಾಸ. ಹಾಗಾಗಿ ಮಕ್ಕಳು ಪುಸ್ತಕ ಓದುವ ಮೊದಲೇ ತಾಯಿಯ ತುಟಿ ಓದಲು ಕಲಿಯುತ್ತಿದ್ದರು. ನಾನೂ ಹಾಗೆ ಕಲಿತವಳೇ. ನಮ್ಮಮ್ಮ ಪಕ್ಕದ ಬರ್ನ್ಲಿ ಊರಿನಲ್ಲಿ ನೇಯುತ್ತಿದ್ದಳು.

ಹೊರೇಸ್ ಹದಿನಾಲ್ಕಕ್ಕೆ ಗಿರಣಿ ಸೇರಿ ನೆಲ ಗುಡಿಸಿದ. ಮೇಸ್ತ್ರಿಯ ನಡಿಗೆಯನ್ನು ಅಣಕಿಸಿ ತೋರಿಸುತ್ತಿದ್ದಾಗ ಅದೇ ಮೇಸ್ತ್ರಿಯ ಕೈಗೆ ಸಿಕ್ಕಿಬಿದ್ದ. ಕೆಲಸ ಹೋಯಿತು. ಆಮೇಲೆ ಸಮುದ್ರ ದಂಡೆಯ ಊರುಗಳ ಬೇಸಿಗೆಯ ಮೇಳಗಳು, ಯುದ್ಧದಲ್ಲಿ ಸಿಪಾಯಿಗಳೆದುರು ಹಾಸ್ಯ, ಯುದ್ಧ ಮುಗಿದ ಮೇಲೆ ಇಪ್ಪತ್ತೈದು ವರ್ಷ ಸಣ್ಣ ಊರುಗಳ ನಾಟಕಶಾಲೆ. ಬಾಗಿಲು ತೆಗೆಯುವ ಆಳು, ತಂತಿ ತರುವ ಅಂಚೆಯವನು, ಎರಡನೆಯ ಪೊಲೀಸಿನವನು, ಇಂಥವೇ ಪಾತ್ರ. ಮದುವೆಯಾಗಲಿಲ್ಲ. ಕೇಳಿದರೆ, "ಯಾವ ಊರಲ್ಲೂ ಎರಡು ವಾರಕ್ಕಿಂತ ಜಾಸ್ತಿ ಇರ್ಲಿಲ್ಲ ಕಣೇ. ಹೆಣ್ಣಿನ ಹೆಸರು ನೆನಪಿಗೆ ಬರೋ ಹೊತ್ತಿಗೆ ರೈಲು ಹೊರಡ್ತಿತ್ತು" ಅನ್ನುತ್ತಿದ್ದ.

ನಲವತ್ತೆಂಟನೆಯ ವಯಸ್ಸಿಗೆ ಅವನಿಗೆ ಟೆಲಿವಿಷನ್‌ನ ಹಾಸ್ಯ ಧಾರಾವಾಹಿಯೊಂದು ಸಿಕ್ಕಿತು. ಮೀನು, ಆಲೂಗಡ್ಡೆ ಕರಿದು ಮಾರುವ ಅಂಗಡಿಯ ಕಥೆ. ಅಂಗಡಿಯ ಯಜಮಾನ ದಪ್ಪ ಮನುಷ್ಯ, ಬಾಯಿ ಜೋರು. ಆ ಪಾತ್ರ ಡೆಸ್ಮಂಡ್ ಫೇರ್‌ಕ್ಲಫ್‌ನದು; ನಮಗೆಲ್ಲ ಅವನು ಡೆಸ್. ಯಜಮಾನನ ಹೆಂಡತಿಯ ತಮ್ಮ ಆಲ್ಬರ್ಟ್ ಮೂಲೆಯ ಎಣ್ಣೆ ಬಾಣಲೆಯ ಹತ್ತಿರ ನಿಂತು ನಾಲ್ಕು ಮಾತಿಗೆ ಒಂದು ಮಾತಾಡುವವನು; ಅದು ಹೊರೇಸ್‌ನದು. ಪ್ರತಿ ಶುಕ್ರವಾರ ಸಂಜೆ ಮ್ಯಾಂಚೆಸ್ಟರಿನ ಸ್ಟುಡಿಯೊದಲ್ಲಿ ಮುನ್ನೂರು ಜನರನ್ನು ಕೂರಿಸಿಕೊಂಡು ಅದನ್ನು ಚಿತ್ರೀಕರಿಸುತ್ತಿದ್ದರು. ನಾನು ಅಲ್ಲಿ ಉಡುಪಿನ ವಿಭಾಗದಲ್ಲಿದ್ದೆ. ಇಬ್ಬರ ಏಪ್ರನ್ನು ಒಗೆಯುವುದು, ಗುಂಡಿ ಹೊಲಿಯುವುದು, ಬೆವರಿದರೆ ಅಂಗಿ ಬದಲಿಸುವುದು ನನ್ನ ಕೆಲಸ.

ಡೆಸ್ ಅಪ್ಪಟ ಪ್ರತಿಭಾವಂತ, ಅದರಲ್ಲಿ ಎರಡು ಮಾತಿಲ್ಲ. ಮೊದಲ ಎರಡು ವರ್ಷ ದೇಶವೇ ಅವನನ್ನು ನೋಡಿ ನಕ್ಕಿತು. ಅವನೂ ನಮ್ಮ ಕಡೆಯವನೇ, ನೆಲ್ಸನ್ನಿನ ಪಕ್ಕದ ಕೋಲ್ನ್ ಊರಿನವನು, ನೇಯುವವಳ ಮಗ.

ಮೂರನೆಯ ವರ್ಷ ನಾನು ಮೊದಲು ಕಂಡದ್ದು ಗುಂಡಿಗಳನ್ನು. ಡೆಸ್ ಕೋಟಿನ ಗುಂಡಿಗಳನ್ನು ಒಂದು ತೂತು ತಪ್ಪಿಸಿ ಹಾಕಿಕೊಂಡು ಬರತೊಡಗಿದ. ನಾನು ಬಿಚ್ಚಿ ಸರಿಮಾಡುವಾಗ, "ಥ್ಯಾಂಕ್ಸ್ ಕಣೇ ಎಥೆಲ್" ಅಂದ. ಎಥೆಲ್ ಅವನ ಅಕ್ಕ. ಸತ್ತು ಹತ್ತು ವರ್ಷವಾಗಿತ್ತು. ಆಮೇಲೆ ಗಮನಿಸಿದರೆ, ಮೀನು ಕಟ್ಟಿಕೊಡುವ ಹಳೆಯ ಪತ್ರಿಕೆಗಳ ಮೇಲೆ ತನ್ನ ಮಾತುಗಳನ್ನೆಲ್ಲ ಬರೆದು ಕೌಂಟರಿನಲ್ಲಿ ಜೋಡಿಸಿಟ್ಟುಕೊಳ್ಳುತ್ತಿದ್ದ. ಓದುವುದು ಯಾರಿಗೂ ಕಾಣದ ಹಾಗೆ ಓದುತ್ತಿದ್ದ.

ಒಂದು ಶುಕ್ರವಾರ ಸಾಮಾನು ಜೋಡಿಸುವವನು ಪತ್ರಿಕೆಗಳು ಕೊಳೆಯಾಗಿವೆಯೆಂದು ಎಲ್ಲವನ್ನೂ ತೆಗೆದು ಹೊಸದನ್ನಿಟ್ಟ. ಆ ದೃಶ್ಯದಲ್ಲಿ ಗಿರಾಕಿ ಹೆಂಗಸೊಬ್ಬಳು, "ಇದೇನ್ರೀ, ಮೀನು ಇಷ್ಟು ಚಿಕ್ಕದು?" ಎಂದು ಕೇಳಬೇಕು. ಕೇಳಿದಳು. ಡೆಸ್ ಕೆಳಗೆ ನೋಡಿದ. ಕೌಂಟರಿನಲ್ಲಿ ಅವನ ಅಕ್ಷರವಿಲ್ಲ. ತಲೆ ಎತ್ತಿದಾಗ ಅವನ ಮುಖದಲ್ಲಿದ್ದ ಹೆದರಿಕೆಯನ್ನು ನಾನು ಪರದೆಯ ಪಕ್ಕದಿಂದ ಕಂಡೆ. ದಾರಿ ತಪ್ಪಿದ ಮಗುವಿನ ಮುಖ ಅದು.

ಆಗ ಬಾಣಲೆಯ ಮೂಲೆಯಿಂದ ಹೊರೇಸ್ ತುಟಿ ಆಡಿಸಿದ. ದನಿಯಿಲ್ಲ. ಹುಬ್ಬು ಮೇಲೆ, ಬಾಯಿ ಅಗಲ, ನಮ್ಮಮ್ಮಂದಿರು ಮಗ್ಗದಾಚೆಗೆ ಮಾತು ಎಸೆಯುತ್ತಿದ್ದ ಹಾಗೇ. ಡೆಸ್ ಓದಿಕೊಂಡ.

"ನೀವು ಸಾಲಲ್ಲಿ ನಿಂತಾಗ ದೊಡ್ಡದೇ ಇತ್ತು ತಾಯೀ," ಅಂದ ಡೆಸ್. "ಕಾದು ಕಾದು ಸೊರಗಿಹೋಯ್ತು."

ಜನ ಬಿದ್ದು ಬಿದ್ದು ನಕ್ಕರು. ಅರ್ಧ ನಗು ಮಾತಿಗೆ, ಅರ್ಧ ನಗು ಹೊರೇಸ್‌ನ ಮುಖಕ್ಕೆ. ಅವನು ಬೇಕೆಂದೇ ಮುಖ ಕಿವುಚಿ ಚೇಷ್ಟೆ ಮಾಡಿದನೆಂದುಕೊಂಡರು.

ಮುಂದಿನ ವಾರ ತಾಲೀಮಿನ ಹಾಲ್‌ನ ಅಡುಗೆಕೋಣೆಗೆ ಡೆಸ್‌ನ ಹೆಂಡತಿ ಐವಿ ಬಂದಳು. ನಾನು ಪ್ಯಾಂಟುಗಳನ್ನು ತೋಳಿನ ಮೇಲೆ ಹಾಕಿಕೊಂಡು ಒಳಗೆ ಹೋದಾಗ ಅವಳು ಹೊರೇಸ್‌ನ ಎದುರು ಚಾ ಕಪ್ ಹಿಡಿದು ನಿಂತಿದ್ದಳು, ಕುಡಿಯುತ್ತಿರಲಿಲ್ಲ.

"ಮನೇಲಿ ಬಚ್ಚಲು ಎಲ್ಲಿ ಅಂತ ಗೊತ್ತಾಗಲ್ಲ ಅವನಿಗೆ. ನಿನ್ನೆ ನನ್ನನ್ನೇ, 'ನೀವು ಎಷ್ಟು ಹೊತ್ತಿಗೆ ಮನೆಗೆ ಹೋಗ್ತೀರಿ' ಅಂತ ಕೇಳ್ದ. ಆ ಕೌಂಟರ್ ಹಿಂದೆ ನಿಂತಾಗ ಮಾತ್ರ ಅವನು ಅವನಾಗಿರ್ತಾನೆ ಹೊರೇಸ್. ಗೊತ್ತಾದ್ರೆ ತೆಗೆದುಹಾಕ್ತಾರೆ. ಅದನ್ನೂ ಕಿತ್ಕೊಂಡ್ರೆ ಇನ್ನೇನುಳಿಯತ್ತೆ?"

"ಯಾರಿಗೂ ಹೇಳಲ್ಲ ಬಿಡು."

"ಮಾತು ಕೊಡು."

"ಕೊಟ್ಟೆ ಬಿಡು. ಚಾ ಕುಡಿ ಮೊದ್ಲು."

ಐವಿ ನನ್ನನ್ನು ಕಂಡು ಬೆಚ್ಚಿದಳು. "ಇವಳು?"

"ಬೆರಿಲ್ ಬರ್ನ್ಲಿಯವಳು," ಅಂದ ಹೊರೇಸ್. "ಅವಳಿಗೆ ಹೋದ ಶುಕ್ರವಾರಾನೇ ಗೊತ್ತಾಗಿದೆ. ಹೌದೇನೇ?"

ನಾನು ಹೌದೆಂದು ತಲೆಯಾಡಿಸಿದೆ.

ಆ ಒಂದು ಮಾತಿಗೆ ಹೊರೇಸ್ ಎರಡು ವರ್ಷ ದುಡಿದ. ತನ್ನ ಮಾತಿನ ಜೊತೆಗೆ ಡೆಸ್‌ನ ಮಾತನ್ನೆಲ್ಲ ಬಾಯಿಪಾಠ ಮಾಡುತ್ತಿದ್ದ. ಡೆಸ್ ಎಡಕ್ಕೆ ತಿರುಗಿದರೆ ಇವನು ಎಡಕ್ಕೆ ಬರಬೇಕು, ಬಲಕ್ಕಾದರೆ ಬಲಕ್ಕೆ. ಇಲ್ಲದಿದ್ದರೆ ತುಟಿ ಕಾಣುವುದಿಲ್ಲ. ಹೀಗೆ ಒಬ್ಬರ ಮುಂದೆ ಒಬ್ಬರು ಓಡಾಡುವುದೂ ನೋಡುವವರಿಗೆ ತಮಾಷೆಯೇ. ಒಂದು ದಿನ ಅಂಗಿ ಬದಲಿಸುವಾಗ ಡೆಸ್‌ನ ಕಣ್ಣು ತಿಳಿಯಾಗಿತ್ತು. ಹೊರೇಸ್‌ನ ಮೊಣಕೈ ಹಿಡಿದುಕೊಂಡು, "ನೀನೇನೋ ಮಾಡ್ತಿದೀಯ. ಏನು ಅಂತ ನಂಗೆ ಗೊತ್ತಾಗ್ತಿಲ್ಲ. ಮಾಡ್ತಿರು, ನಿಲ್ಲಿಸ್ಬೇಡ" ಅಂದ. ಹೊರೇಸ್, "ಅಂಗಿ ಹಾಕ್ಕೋ, ಶೀತ ಆಗತ್ತೆ" ಅಂದ.

ನಮ್ಮ ನಿರ್ಮಾಪಕ ಪೆಂಬ್ರಿಜ್ ಸಾಹೇಬರು ದಕ್ಷಿಣದವರು. ಗಿರಣಿಯ ಮೆಟ್ಟಿಲು ಹತ್ತಿದವರಲ್ಲ. ಅವರ ಕಣ್ಣಿಗೆ ಬಿದ್ದದ್ದು ಒಂದೇ: ಡೆಸ್ ಮಾತಾಡುವ ಮೊದಲು ಇವನು ಮೂತಿ ತಿರುವುತ್ತಾನೆ.

"ಏನ್ರೀ ಇದು ಕೋತಿ ಚೇಷ್ಟೆ? ಡೆಸ್‌ಗೆ ಬರೋ ನಗು ನಿಮಗೆ ಬೇಕಾ?" ಎಂದು ಎಲ್ಲರೆದುರು ಕೇಳಿದರು.

"ಅಭ್ಯಾಸ ಆಗ್ಬಿಟ್ಟಿದೆ ಸರ್."

"ಬಿಟ್ಬಿಡಿ."

"ನೋಡ್ತೀನಿ ಸರ್."

ಬಿಡಲಿಲ್ಲ. ಅವನನ್ನು ಕ್ಯಾಮೆರಾದ ಕಣ್ಣಿನಿಂದ ಹೊರಗಿಟ್ಟರು. ಆದರೂ ಎದುರು ಕೂತ ಮುನ್ನೂರು ಜನ ಅವನನ್ನೇ ನೋಡಿ ನಗುತ್ತಿದ್ದರು. ಪತ್ರಿಕೆಯವನೊಬ್ಬ ಬರೆದ: ಟ್ಯಾಟರ್ಸಲ್ ಹೊಟ್ಟೆಕಿಚ್ಚಿನ ನಟ, ಗೆಳೆಯನ ತಟ್ಟೆಯಿಂದ ಕದ್ದು ತಿನ್ನುವವನು. ಆ ಮಾತು ಹಬ್ಬಿತು. ಜೊತೆಯ ನಟರು ಊಟದ ಮೇಜಿನಲ್ಲಿ ಅವನಿಗೆ ಜಾಗ ಬಿಡದಾದರು. ನಾನು ತಟ್ಟೆ ತೆಗೆದುಕೊಂಡು ಅವನ ಪಕ್ಕ ಕೂರುತ್ತಿದ್ದೆ. ಅವನು ಆಲೂಗಡ್ಡೆ ಕಡುಬನ್ನು ಚೂರು ಚೂರು ಮಾಡಿ ಹಾಗೇ ಬಿಡುತ್ತಿದ್ದ.

ಸಾವಿರದ ಒಂಬೈನೂರ ಎಪ್ಪತ್ತಾರರ ವಸಂತದಲ್ಲಿ ಅವನನ್ನು ಕೈಬಿಟ್ಟರು. ಲಂಡನ್ನಿನಿಂದ ಚೆಲುವನೊಬ್ಬನನ್ನು ಇನ್ನೊಬ್ಬ ತಮ್ಮನೆಂದು ತಂದರು. ಸೆಪ್ಟೆಂಬರಿನಲ್ಲಿ ಮೊದಲ ಚಿತ್ರೀಕರಣ. ಡೆಸ್ ಎರಡು ಮಾತು ಹೇಳಿದ. ಮೂರನೆಯದಕ್ಕೆ ಬಾಣಲೆಯ ಮೂಲೆಗೆ ತಿರುಗಿದ. ಚೆಲುವ ಸುಮ್ಮನೆ ನಗುತ್ತ ನಿಂತಿದ್ದ. ಡೆಸ್ ಆ ಮುಖವನ್ನು ನೋಡಿದ, ನೋಡುತ್ತಲೇ ಇದ್ದ. ಜನ ಮೊದಲು ನಕ್ಕರು. ಆಮೇಲೆ ಒಬ್ಬೊಬ್ಬರಾಗಿ ಸುಮ್ಮನಾದರು. ಅವನು ಕೌಂಟರಿನಿಂದ ಆಚೆ ಬಂದು ಮೊದಲ ಸಾಲಿನ ಹೆಂಗಸನ್ನು ಕೇಳಿದ: "ನಮ್ಮ ಆಲ್ಬರ್ಟ್‌ನ ನೋಡಿದ್ರಾ? ಇಲ್ಲೇ ಇದ್ನಲ್ಲ." ನಾನು ಹೋಗಿ ಕೈಹಿಡಿದು ಒಳಗೆ ಕರೆತಂದೆ.

ಧಾರಾವಾಹಿ ಅಲ್ಲಿಗೆ ನಿಂತಿತು. ವರ್ಷಗಟ್ಟಲೆ ಜೊತೆಗಾರ ಕೊಟ್ಟ ಕಿರುಕುಳಕ್ಕೆ ಡೆಸ್‌ನ ನರ ಸೋತಿದೆ ಎಂದು ಜನ ಆಡಿಕೊಂಡರು. ಐವಿ ಅದನ್ನು ಅಲ್ಲಗಳೆಯಲಿಲ್ಲ. ನರ ಸೋತಿದೆ ಎನ್ನುವುದು ಬುದ್ಧಿ ಹೋಗಿದೆ ಎನ್ನುವುದಕ್ಕಿಂತ ಮರ್ಯಾದೆಯ ಮಾತಾಗಿ ಅವಳಿಗೆ ಕಂಡಿರಬೇಕು.

ಹೊರೇಸ್‌ಗೆ ಮತ್ತೆ ಯಾರೂ ಕೆಲಸ ಕೊಡಲಿಲ್ಲ. ನೆಲ್ಸನ್ನಿಗೆ ಹಿಂತಿರುಗಿ ಕಾರ್ಪೆಟ್ ಅಂಗಡಿಯೊಂದರಲ್ಲಿ ಸೇರಿಕೊಂಡ. ಒಮ್ಮೆ ನಾನು ಅವನನ್ನು ನೋಡಲು ಹೋದಾಗ ಗಿರಾಕಿಯೊಬ್ಬಳು ಅವನ ಮುಖ ದಿಟ್ಟಿಸಿ, "ನೀನೇ ಅಲ್ವಾ ಪಾಪ ಡೆಸ್‌ನ ಬಾಳು ಹಾಳು ಮಾಡಿದೋನು? ನಾಚಿಕೆ ಆಗ್ಬೇಕು ನಿಂಗೆ" ಅಂದಳು.

"ಹೌದಮ್ಮ. ಮೆಟ್ಟಿಲಿಗೋ, ಹಾಲ್‌ಗೋ?" ಅಂದ ಹೊರೇಸ್, ಅಳತೆಪಟ್ಟಿ ಬಿಚ್ಚುತ್ತ.

ಅವಳು ಹೋದ ಮೇಲೆ ನನಗೆ ತಡೆಯಲಾಗಲಿಲ್ಲ. "ಬಾಯಿಬಿಟ್ಟು ಹೇಳ್ಬಾರ್ದಾ? ಈಗ ಎಲ್ಲ ಮುಗಿದಿದೆ. ಕಳ್ಕೊಳ್ಳೋಕೆ ಏನಿದೆ?"

ಅವನು ಕಾರ್ಪೆಟ್ ಸುರುಳಿಯ ಮೇಲೆ ಕೂತ. "ಎರಡು ವರ್ಷ ಜನ ನಕ್ಕಿದ್ದು ಕಾಯಿಲೆ ಮನುಷ್ಯನ್ನ ನೋಡಿ ಅಂತ ಆಗತ್ತೆ ಬೆರಿಲ್. ಯಾರಿಗೆ ಬೇಕು ಅದು? ನಕ್ಕೋರಿಗೂ ಕಹಿ, ಅವನ ಹೆಸರಿಗೂ ಕಹಿ."

ಡೆಸ್‌ನನ್ನು ಸ್ಕಿಪ್ಟನ್ ಕಡೆಯ ಒಂದು ಆರೈಕೆ ಮನೆಯಲ್ಲಿ ಇಟ್ಟಿದ್ದರು. ಬುಧವಾರ ಅಂಗಡಿಗೆ ಅರ್ಧ ದಿನ ರಜೆ. ಹೊರೇಸ್ ಎರಡು ಬಸ್ಸು ಹಿಡಿದು ಅಲ್ಲಿಗೆ ಹೋಗುತ್ತಿದ್ದ. ಐವಿ ಹೋಗುತ್ತಿದ್ದುದು ಭಾನುವಾರ. ಬೇಕೆಂದೇ ಹಾಗೆ ಮಾಡಿಕೊಂಡಿದ್ದಳೋ ಏನೋ, ಇಬ್ಬರೂ ಅಲ್ಲಿ ಎದುರಾದದ್ದೇ ಇಲ್ಲ. ಒಮ್ಮೆ ನಾನೂ ಜೊತೆಗೆ ಹೋದೆ. ಡೆಸ್ ಕಿಟಕಿಯ ಹತ್ತಿರ ಮೊಣಕಾಲಿಗೆ ಕಂಬಳಿ ಹೊದ್ದು ಕೂತಿದ್ದ. ಬಹಳ ಇಳಿದುಹೋಗಿದ್ದ. ಹೊರೇಸ್ ಪೊಟ್ಟಣ ಬಿಚ್ಚಿ ಶುಂಠಿ ಬಿಸ್ಕತ್ತನ್ನು ಚಾದಲ್ಲಿ ಅದ್ದಿ ಅವನ ಬಾಯಿಗಿಟ್ಟ. ಡೆಸ್ ಅರ್ಧ ತಿಂದವನು ಇದ್ದಕ್ಕಿದ್ದಂತೆ ಅವನನ್ನು ನೋಡಿದ.

"ನೀನು ಟ್ಯಾಟರ್ಸಲ್."

ಎಷ್ಟೋ ತಿಂಗಳ ನಂತರ ಹೆಸರು ಬಂದಿತ್ತು. ಹೊರೇಸ್‌ನ ಮುಖ ಅರಳಿತು. "ಹೂಂ ಕಣೋ! ನಾನೇ!"

"ನನ್ನ ನಗು ಕದ್ದೋನು ನೀನು," ಅಂದ ಡೆಸ್. "ಎಲ್ಲರೂ ಹೇಳ್ತಾರೆ. ನನ್ನ ಮಗ ಓದಿ ಹೇಳ್ದ. ಯಾಕೋ ಕದ್ದೆ? ನಾನು ನಿಂಗೇನು ಮಾಡಿದ್ದೆ?"

ನಾನು ಎದ್ದುಬಿಟ್ಟೆ. ಹೊರೇಸ್ ನನ್ನ ಕೈ ಹಿಡಿದು ಕೂರಿಸಿದ. ಆಮೇಲೆ ಡೆಸ್‌ನ ಗಲ್ಲದ ಮೇಲಿದ್ದ ಬಿಸ್ಕತ್ತಿನ ಚೂರು ಒರೆಸುತ್ತ ಹೇಳಿದ: "ತಪ್ಪಾಯ್ತು ಕಣೋ ಡೆಸ್. ಇನ್ಮೇಲೆ ಮಾಡಲ್ಲ."

"ಮಾಡ್ಬೇಡ," ಅಂದ ಡೆಸ್, ಮಕ್ಕಳಂತೆ ಸಮಾಧಾನಗೊಂಡು.

ಬಸ್ಸಿಗೆ ಕಾಯುವಾಗ ಹೊರೇಸ್ ಟೋಪಿಯನ್ನು ಕೈಯಲ್ಲಿ ಸುತ್ತಿಸುತ್ತ ನಿಂತಿದ್ದ. ಮುಂದಿನ ಬುಧವಾರವೂ ಹೋದ. ಅದರ ಮುಂದಿನದಕ್ಕೂ.

ಎಂಬತ್ತಮೂರನೇ ಇಸವಿಯಲ್ಲಿ ಡೆಸ್ ತೀರಿಕೊಂಡ. ಚರ್ಚಿನಲ್ಲಿ ಜಾಗ ಸಾಲದಷ್ಟು ಜನ ಬರುತ್ತಾರೆಂದು ಮೊದಲೇ ಗೊತ್ತಿತ್ತು. ಹೊರೇಸ್ ಕರಿ ಕೋಟನ್ನು ಇಸ್ತ್ರಿಗೆ ನನ್ನ ಹತ್ತಿರ ತಂದುಕೊಟ್ಟ. ಹಿಂದಿನ ದಿನ ಡೆಸ್‌ನ ಮಗ ಮಾಲ್ಕಮ್ ಬರೆದ ಕಾಗದ ಬಂತು. ನೀವು ಬಾರದಿದ್ದರೆ ನಮ್ಮ ತಾಯಿಗೆ ಒಳ್ಳೆಯದು ಎಂದು ಎರಡೇ ಸಾಲು. ಹೊರೇಸ್ ಹೋಗಲಿಲ್ಲ. ಅಂದು ಕೆಲಸಕ್ಕೆ ಹೋಗಿ, ಕೆಳ ಬೀದಿಯ ಯಾರದೋ ಮನೆಯ ಮೆಟ್ಟಿಲಿಗೆ ಕಾರ್ಪೆಟ್ ಹಾಸಿದ.

ಐದು ವರ್ಷದ ನಂತರ ಅವನೂ ಹೋದ. ಎದೆನೋವು, ಅಡುಗೆಮನೆಯಲ್ಲಿ ಕೆಟಲ್ ಒಲೆಯ ಮೇಲಿಟ್ಟವನು ಕುರ್ಚಿಯಲ್ಲಿ ಕೂತ ಹಾಗೇ. ಅವನಿಗೆ ಕೊನೆಯ ಅಂಗಿ ತೊಡಿಸಿದವಳು ನಾನು. ಕತ್ತಿನ ಗುಂಡಿಯನ್ನು ತಪ್ಪು ತೂತಿಗೆ ಹಾಕಿ, ಬಿಚ್ಚಿ ಸರಿಮಾಡಿದೆ. ಮೂವತ್ತು ವರ್ಷದ ಕೆಲಸದಲ್ಲಿ ಅದೊಂದೇ ಸಲ.

ಹನ್ನೊಂದು ಜನ ಬಂದಿದ್ದರು. ಹಿಂದಿನ ಬೆಂಚಿನಲ್ಲಿ ಐವಿ. ಆಮೇಲೆ ಚರ್ಚಿನ ಹಾಲ್‌ನಲ್ಲಿ ಚಾ, ಹ್ಯಾಮ್ ಸ್ಯಾಂಡ್‌ವಿಚ್ ಇಟ್ಟಿದ್ದರು. ಅವಳು ನನ್ನ ಪಕ್ಕ ಬಂದು ನಿಂತಳು.

"ಮಾಲ್ಕಮ್‌ಗೆ ಹೇಳ್ಬೇಕು ಅಂತ ದಿನಾ ಅಂದ್ಕೋತೀನಿ ಬೆರಿಲ್."

"ಹೇಳು ಹಾಗಾದ್ರೆ. ಹೊರಗೆ ಕಾರಲ್ಲೇ ಕೂತಿದಾನಲ್ಲ."

"ಹೇಳಿದ್ರೆ ಆ ಕಾಗದ ಬರೆದಿದ್ದು ನೆನಪಾಗಲ್ವಾ ಅವನಿಗೆ? ಅಪ್ಪನಿಗೆ ಆ ಪೇಪರೆಲ್ಲ ಓದಿ ಹೇಳಿದ್ದು? ಅವನು ಹೇಗೆ ತಡ್ಕೋತಾನೆ?"

"ಹೊರೇಸ್ ತಡ್ಕೊಂಡ್ನಲ್ಲ," ಅಂದೆ.

ಅವಳು ಅಳಲಿಲ್ಲ. ಕೈಚೀಲದಿಂದ ಗವಸು ತೆಗೆದು ಒಂದೊಂದೇ ಬೆರಳು ತೂರಿಸಿಕೊಂಡಳು. ಹೊರಗೆ ಕಾರು ಮೆಲ್ಲಗೆ ಹಾರನ್ ಮಾಡಿತು, ಅವಳು ಹೊರಟುಹೋದಳು. ನಾನು ಉಳಿದ ಕಪ್ಪುಗಳನ್ನು ತೊಳೆದಿಟ್ಟೆ.

ಹೋದ ಚಳಿಗಾಲ ಐವಿಯೂ ತೀರಿಕೊಂಡಳೆಂದು ಕೇಳಿದೆ. ಮಾತು ಕೊಟ್ಟವನೂ ಇಲ್ಲ, ಪಡೆದವಳೂ ಇಲ್ಲ. ನಾನು ಯಾರಿಗೂ ಮಾತು ಕೊಟ್ಟಿರಲಿಲ್ಲ. ಅಡುಗೆಕೋಣೆಯಲ್ಲಿ ಬರೀ ತಲೆಯಾಡಿಸಿದ್ದೆ. ಮಾಲ್ಕಮ್ ಇದನ್ನು ಓದಿದರೆ ಅವನಿಗೆ ನೋವಾಗುತ್ತದೆ. ಆಗಲಿ.