ಹಿಲ್ಡಾ ಅಜ್ಜಿಯ ನಲವತ್ತೊಂದು ಸಿನಿಮಾ

ಇಬ್ಬರು ಕನ್ನಡಿಗರು ಸೇರಿದರೆ ಸ್ಟಾರ್ಟಪ್ಪಿನ ಮಾತೇ ನಡೆಯುತ್ತಿದ್ದ ಕಾಲ ಅದು. ಅಪ್ಪನ ಆಫೀಸು ರೆಡ್‌ವುಡ್ ಸಿಟಿಯಲ್ಲಿ, ನಮ್ಮ ಅಪಾರ್ಟ್‌ಮೆಂಟು ಬರ್ಕ್ಲಿಯಲ್ಲಿ. ಐದನೇ ಕ್ಲಾಸಿನಲ್ಲಿದ್ದ ನನಗೆ ಎಲ್ಲವನ್ನೂ ಎಣಿಸಿ ಡೈರಿಯಲ್ಲಿ ಬರೆಯುವ ಚಟ. ಪಕ್ಕದ ನಿಂಬೆ ಗಿಡದಲ್ಲಿ ಎಷ್ಟು ಕಾಯಿ, ಕುಂಟೆಬಿಲ್ಲೆಯಲ್ಲಿ ಯಾರು ಎಷ್ಟು ಸಲ ಗೆದ್ದರು, ಎಲ್ಲವೂ ತಾರೀಖು ಸಮೇತ.

ಆ ವಸಂತದಲ್ಲಿ ಶಾಲೆಯವರು ಒಂದು ಪ್ರಾಜೆಕ್ಟು ಕೊಟ್ಟರು. ಹಿರಿಯರೊಬ್ಬರ ವೃತ್ತಿಯ ಕತೆಯನ್ನು ಟೇಪು ಮಾಡಬೇಕು, ಐದು ನಿಮಿಷ ಮೀರಬಾರದು. ನಾನು ಕೆಳಗಿನ ಮನೆಯ ಹಿಲ್ಡಾ ಅಜ್ಜಿಯನ್ನು ಆರಿಸಿಕೊಂಡೆ. ಯುದ್ಧ ಮುಗಿದ ಮೇಲೆ ಜರ್ಮನಿಯಲ್ಲಿ ಜನ ಮುಗಿಬಿದ್ದು ನೋಡುತ್ತಿದ್ದ ಸಿನಿಮಾಗಳ ಸಂಕಲನ ಮಾಡಿದವರು ಅವರು.

ಧಾರವಾಡದ ನಮ್ಮಮ್ಮ ಚಕ್ಕುಲಿ ಡಬ್ಬಿ ಕೈಗಿಟ್ಟು, "ಬರೇ ಎಣಿಸ್ಕೋತ ಕುಂದರಬ್ಯಾಡವಾ. ಅವರು ಏನ ಹೇಳ್ತಾರ, ಅದನ್ನ ಕೇಳು" ಎಂದಳು.

"ಓಕೆ, ಓಕೆ!" ಎಂದು ಓಡಿದೆ.

ಮೂರು ಶನಿವಾರ ಹೋದೆ. ಅಜ್ಜಿಯ ಅಡುಗೆಮನೆಯಲ್ಲಿ ಕಾಫಿ, ದಾಲ್ಚಿನ್ನಿಯ ವಾಸನೆ. ಅವರು ಇಂಗ್ಲಿಷಿನಲ್ಲಿ ತಡೆತಡೆದು ಹೇಳುತ್ತಿದ್ದರು: "ಮನೆ ಕಳೆದುಕೊಂಡಿದ್ದ ಜನಕ್ಕೆ ಬೆಟ್ಟ, ಹಾಡು, ಮದುವೆ ಬೇಕಿತ್ತು. ಅಳುವ ಮುಖವನ್ನು ಎಷ್ಟು ಹೊತ್ತು ತೋರಿಸಬೇಕು? ಅದನ್ನು ತೀರ್ಮಾನಿಸುವುದೇ ನನ್ನ ಕೆಲಸ." ಆಮೇಲೆ ಟೀವಿ ಬಂತಂತೆ, ಥಿಯೇಟರುಗಳು ಖಾಲಿಯಾದವಂತೆ, ಕೊನೆಗೆ ಜಾಹೀರಾತಿನ ಫಿಲ್ಮು ಕತ್ತರಿಸುತ್ತ ನಿವೃತ್ತರಾದರಂತೆ. ನಾನು ಡೈರಿಯಲ್ಲಿ ಪಟ್ಟಿ ಮಾಡಿದೆ: ನಲವತ್ತೊಂದು ಸಿನಿಮಾ. ಮಿನುಗುವ ಅಂಟಿನಲ್ಲಿ ಆ ಅಂಕಿಯನ್ನು ಪೋಸ್ಟರಿನ ಮೇಲೂ ದೊಡ್ಡದಾಗಿ ಬರೆದೆ.

ಮೂರನೇ ಶನಿವಾರ ಅಜ್ಜಿ ಬಟ್ಟಲು ಪಕ್ಕಕ್ಕೆ ಸರಿಸಿದರು.

"ನಿನ್ನ ಪಟ್ಟಿಯಲ್ಲಿ ಮೊದಲನೆಯದು ನನ್ನದಲ್ಲ. ನನಗೆ ಕೆಲಸ ಕಲಿಸಿದ ಗ್ರೇಟೆಯದು. ನಿರ್ಮಾಪಕನ ಜೊತೆ ಜಗಳವಾಯಿತು, ಅವಳನ್ನು ಕೆಲಸದಿಂದ ತೆಗೆದರು. ಪರದೆಯ ಮೇಲೆ ನನ್ನ ಹೆಸರು ಹಾಕಿದರು. ನಾನು ಸುಮ್ಮನಿದ್ದೆ. ಉಳಿದದ್ದೆಲ್ಲ ನನಗೆ ಸಿಕ್ಕಿದ್ದು ಆ ಹೆಸರಿನಿಂದ." ಗ್ರೇಟೆಯ ಪೂರ್ತಿ ಹೆಸರನ್ನು ಒಂದೊಂದೇ ಅಕ್ಷರ ಬಿಡಿಸಿ ಹೇಳಿದರು. "ಇದನ್ನು ಯಾರಿಗೂ ಹೇಳಿಲ್ಲ. ನಿನ್ನ ಟೇಪಿನಲ್ಲಿರಲಿ."

ನನಗೆ ಸಿಟ್ಟು ಬಂತು. ಪೋಸ್ಟರಿನ ಅಂಕಿ ನಲವತ್ತಾಗಿಬಿಡುತ್ತಿತ್ತು. ಆ ಹೆಸರನ್ನು ಡೈರಿಯಲ್ಲಿ ಬರೆದುಕೊಳ್ಳಲೇ ಇಲ್ಲ.

ಎರಡು ಟೇಪ್ ರೆಕಾರ್ಡರ್ ಇಟ್ಟುಕೊಂಡು, ಬೇಕಾದ ಮಾತುಗಳನ್ನಷ್ಟೇ ಬೇರೆ ಕ್ಯಾಸೆಟ್ಟಿಗೆ ಇಳಿಸಿದೆ. ಗ್ರೇಟೆಯನ್ನು ಬಿಟ್ಟೆ. ಕ್ಲಾಸಿನಲ್ಲಿ ಚಪ್ಪಾಳೆ ಬಿತ್ತು. ಮೂಲ ಕ್ಯಾಸೆಟ್ಟಿನ ಮೇಲೆ ಗೆಳತಿಯ ಜೊತೆ ರೇಡಿಯೋ ಆಟವಾಡಿ ನಮ್ಮ ಕಿರುಚಾಟ ತುಂಬಿದೆ; ಅಜ್ಜಿಯ ಮಾತು ಅಳಿಸಿಹೋಯಿತು.

ಮುಂದಿನ ವಾರ ಅಜ್ಜಿಗೆ ಕೇಳಿಸಲು ಹೋದೆ. ಅವರು ಕಣ್ಣು ಮುಚ್ಚಿ ಕೂತರು. ನಾನು ಕತ್ತರಿಸಿದ ಪ್ರತಿಯೊಂದು ಕಡೆಯೂ ಅವರ ಬೆರಳು ಮೇಜನ್ನು ಮೆಲ್ಲಗೆ ತಟ್ಟಿತು.

"ಕೈ ಚೆನ್ನಾಗಿದೆ," ಎಂದರು. "ಗ್ರೇಟೆ ಎಲ್ಲಿ?"

"ಟೇಪು ಮುಗಿದುಹೋಯಿತು, ಅದಕ್ಕೇ..."

ಅಜ್ಜಿ ಕ್ಯಾಸೆಟ್ಟನ್ನು ನಿಲ್ಲಿಸಲಿಲ್ಲ. ಅದು ಸುತ್ತುತ್ತಲೇ ಇತ್ತು. ಖಾಲಿ ಟೇಪಿನ ಸುಯ್ಯೆನ್ನುವ ಸದ್ದನ್ನು ಇಬ್ಬರೂ ಕೇಳುತ್ತ ಕೂತೆವು; ನಿಮಿಷಗಳ ಮೇಲೆ ನಿಮಿಷ. ಕಟಕ್ಕೆಂದು ತಾನಾಗಿ ನಿಂತಾಗ ಅವರು ಎದ್ದು, ತೊಳೆದಿಟ್ಟಿದ್ದ ಡಬ್ಬಿ ಕೊಟ್ಟು, "ಅಮ್ಮನಿಗೆ ಥ್ಯಾಂಕ್ಸ್ ಹೇಳು" ಎಂದರು. ಬೈದಿದ್ದರೆ ಅತ್ತು ನಿಜ ಹೇಳುತ್ತಿದ್ದೆನೇನೋ.

ಆ ಬೇಸಿಗೆಯಲ್ಲೇ ಅವರು ಬೇರೆ ರಾಜ್ಯದಲ್ಲಿದ್ದ ಮಗಳ ಮನೆಗೆ ಹೋದರು; ಅಲ್ಲೇ ತೀರಿಕೊಂಡರೆಂದು ಆಮೇಲೆ ತಿಳಿಯಿತು. ನಲವತ್ತೊಂದು ಸಿನಿಮಾಗಳ ಪಟ್ಟಿ ಈಗಲೂ ನನ್ನ ಹತ್ತಿರವಿದೆ. ಮೊದಲನೆಯದು ಅವರದಲ್ಲವೆಂದು ತಿಳಿದವಳು ಬಹುಶಃ ನಾನೊಬ್ಬಳೇ. ಅದನ್ನು ಹೊಡೆದುಹಾಕಿ ಪಕ್ಕದಲ್ಲಿ ಗ್ರೇಟೆ ಎಂದು ಬರೆಯುತ್ತೇನೆ. ಮುಂದಿನ ಅಕ್ಷರಗಳು ನನಗೆ ಗೊತ್ತಿಲ್ಲ.