ಬಸ್ಸಿನ ರೇಡಿಯೋದಲ್ಲಿ ನಮ್ಮ ‘ನಿಲ್ಸಣ್ಣ’

2007ನೇ ಇಸವಿ. ಆಗ ನಾನು ಮೇಲೂರಿನಿಂದ ಶಿಡ್ಲಘಟ್ಟಕ್ಕೆ ಹೋಗಿ ಬಿ.ಎ. ಓದುತ್ತಿದ್ದೆ. ಬೆಂಗಳೂರಿನಿಂದ ತುಂಬಿಕೊಂಡು ಬರುವ ಪ್ರೈವೇಟ್ ಬಸ್ಸುಗಳು ಅರ್ಧ ಟಿಕೆಟ್ಟಿನ ಕಾಲೇಜು ಹುಡುಗಿಯರನ್ನು ಕಂಡರೆ ಇನ್ನಷ್ಟು ಜೋರಾಗಿ ಓಡುತ್ತಿದ್ದವು. ಎಷ್ಟೋ ದಿನ ಮೊದಲ ಪೀರಿಯಡ್ ರಸ್ತೆಯಲ್ಲೇ ಕಳೆದುಹೋಗುತ್ತಿತ್ತು.

ಆ ಸಿಟ್ಟೇ ನಮ್ಮ ಹಾಡಾಯಿತು. ನನ್ನ ಕ್ಲಾಸಿನ ಮಂಜು ಗಿಟಾರ್ ನುಡಿಸುತ್ತಿದ್ದ, ಫರ್ಹಾನಾ ಡ್ರಮ್ ಬಾರಿಸುತ್ತಿದ್ದಳು. ಹಾಡುವವಳು ನಾನು, ಮೂವರದೇ ಬ್ಯಾಂಡ್. ಮಂಜು ಎಲ್ಲಿಂದಲೋ ಪಂಕ್ ರಾಕ್ ಎಂಬ ಕೂಗಾಟದ ಇಂಗ್ಲಿಷ್ ಹಾಡುಗಳ ಸಿ.ಡಿ. ತಂದು ಕೇಳಿಸಿ, “ಇದಕ್ಕೆ ಸಂಗೀತ ಜಾಸ್ತಿ ಬೇಡ ಕಣೇ, ಹೇಳೋ ಮಾತಿದ್ರೆ ಸಾಕು” ಎಂದಿದ್ದ. ಅವನ ಮಾವನ ರೇಷ್ಮೆಹುಳದ ಮನೆ ಖಾಲಿ ಇರುವಾಗ ಅಲ್ಲಿ ಪ್ರಾಕ್ಟೀಸ್ ಮಾಡುತ್ತಿದ್ದೆವು.

‘ಕೈ ಎತ್ತಿದ್ರೆ ಕಾಣಲ್ವಾ, ನಿಲ್ಸಣ್ಣ ನಿಲ್ಸು. ಕ್ಲಾಸು ಮುಗ್ದು ಹೋಗತ್ತಲ್ಲ, ನಿಲ್ಸಣ್ಣ ನಿಲ್ಸು.’ ಹಾಡೆಂದರೆ ಇಷ್ಟೇ. ಕೊನೆಗೆ ಬರೀ ಕೂಗು.

ಕಾಲೇಜು ಡೇಯಲ್ಲಿ ಅರ್ಧ ಹಾಡುವಷ್ಟರಲ್ಲಿ ಯಾರೋ ಮೈಕ್ ಆಫ್ ಮಾಡಿಸಿದರು. ಸುದ್ದಿ ಅಮ್ಮನ ಕಿವಿಗೂ ಬಿತ್ತು. “ಹೆಣ್ಮಕ್ಳು ಸ್ಟೇಜ್ ಮೇಲೆ ಕಿರುಚೋದಾ? ಪರೀಕ್ಷೆ ಮುಗೀಲಿ, ಇದೆಲ್ಲಾ ಬಿಟ್ಬಿಡ್ಬೇಕು” ಎಂದರು. ಆದರೂ ಒಂದು ದಿನ ಅವರಿಗೆ ಹೇಳದೆ ಮಂಜು, ಫರ್ಹಾನಾ ಜೊತೆ ಬೆಂಗಳೂರಿಗೆ ಹೋದೆ. ಮಂಜು ಅಲ್ಲಿ ತನ್ನ ಗೆಳೆಯನ ರೂಮಿನಲ್ಲಿ ಹಾಡು ರೆಕಾರ್ಡ್ ಮಾಡಿಸಿ ಒಂದು ಎಫ್.ಎಂ. ಸ್ಟೇಷನ್ನಿಗೆ ಕೊಟ್ಟುಬಂದ. ಅಲ್ಲಿಂದ ಉತ್ತರವೇ ಇರಲಿಲ್ಲ. ನಾವೂ ಆಸೆ ಬಿಟ್ಟೆವು.

ಪರೀಕ್ಷೆ ಮುಗಿದ ಮೇಲೆ ಅಮ್ಮನೂ ನಾನೂ ಬೆಂಗಳೂರಿನಲ್ಲಿ ಒಂದು ಮದುವೆಗೆ ಹೋಗಿ ವಾಪಸ್ ಬರುತ್ತಿದ್ದೆವು. ಬಸ್ಸಿನಲ್ಲಿ ಡ್ರೈವರ್ ರೇಡಿಯೋ ಹಾಕಿದ್ದ. ದೇವನಹಳ್ಳಿ ದಾಟಿದ ಮೇಲೆ ರೇಡಿಯೋದಲ್ಲಿ ಒಬ್ಬಾಕೆ, “ಇದು ಶಿಡ್ಲಘಟ್ಟದ ಹೊಸ ಹುಡುಗರ ಹಾಡು” ಎಂದಳು. ಫರ್ಹಾನಾಳ ಡ್ರಮ್ ಕೇಳಿದ ಕೂಡಲೇ ಅದು ನಮ್ಮದೇ ಹಾಡು ಎಂದು ಗೊತ್ತಾಯಿತು. ಅಮ್ಮ ಕಿಟಕಿಯ ಕಡೆ ನೋಡುತ್ತಿದ್ದರು. ನಾನು ತಲೆ ಎತ್ತಲಿಲ್ಲ.

ಹಿಂದೆ ಕೂತಿದ್ದ ಹುಡುಗಿಯರು ಮೊದಲು ನಕ್ಕರು. ಆಮೇಲೆ ಅವರೂ ಜೊತೆಗೆ ‘ನಿಲ್ಸಣ್ಣ ನಿಲ್ಸು’ ಎಂದು ಕೂಗತೊಡಗಿದರು. ಒಬ್ಬಳು ಸೀಟಿನ ಕಂಬಿಯ ಮೇಲೆ ತಾಳ ಹಾಕಿದಳು. ಡ್ರೈವರ್ ರೇಡಿಯೋ ಆಫ್ ಮಾಡುತ್ತಾನೆ ಎಂದುಕೊಂಡರೆ ಸೌಂಡ್ ಜಾಸ್ತಿ ಮಾಡಿದ.

“ನೋಡ್ರೀ, ಯಾವ್ದೋ ಹುಡುಗಿ ನಮ್ಮನ್ನೇ ಬೈತಾವ್ಳೆ” ಎಂದು ಕಂಡಕ್ಟರ್ ನಕ್ಕ.

ಅಮ್ಮ ಅವನ ಕಡೆ ತಿರುಗಿದರು. “ಯಾವ್ದೋ ಹುಡುಗಿ ಅಲ್ಲಪ್ಪ. ನನ್ ಮಗಳು. ಇಲ್ಲೇ ಕೂತವ್ಳೆ.”

ಬಸ್ಸಿಗೆ ಬಸ್ಸೇ ತಿರುಗಿ ನೋಡಿತು. ಪಕ್ಕದ ಸೀಟಿನ ಅಜ್ಜಿ ತೆಲುಗಿನಲ್ಲಿ “ನೀ ಕೂತುರಾ ಅಮ್ಮಾ?”, ನಿನ್ನ ಮಗಳಾ ಎಂದು ಅಮ್ಮನನ್ನು ಕೇಳಿ, ನನ್ನ ಗಲ್ಲ ಸವರಿದರು. ಕಂಡಕ್ಟರ್ ತಲೆ ಕೆರೆದುಕೊಂಡು, “ನಮ್ ಕಷ್ಟಾನೂ ಒಂದ್ ಸಲ ಹಾಡಮ್ಮ” ಎಂದ. ನನಗೆ ಅಳು ಬಂದಿತ್ತು, ನಗುವೂ ಬಂದಿತ್ತು.

ಇಳಿದು ಮನೆಗೆ ನಡೆಯುವಾಗ, “ನನ್ನ ದನಿ ಅಂತ ಹೆಂಗ್ ಗೊತ್ತಾಯ್ತಮ್ಮ?” ಎಂದು ಕೇಳಿದೆ.

“ಹುಟ್ಟಿದಾಗಿಂದ ಕೇಳ್ತಾ ಇದೀನಲ್ಲೇ. ಕೊನೇಲಿ ಅಷ್ಟು ಕಿರುಚ್ಬೇಡ, ಗಂಟ್ಲು ಹೋಗತ್ತೆ” ಎಂದರು. ಹಾಡು ಬಿಡು ಎನ್ನಲಿಲ್ಲ.

ಕೇಳುಗರು ಮತ್ತೆ ಮತ್ತೆ ಕೇಳಿದ್ದರಿಂದ ಆ ಹಾಡು ತುಂಬ ದಿನ ರೇಡಿಯೋದಲ್ಲಿ ಬಂತು. ಚಿಕ್ಕಬಳ್ಳಾಪುರ, ಚಿಂತಾಮಣಿಯ ಕಾಲೇಜುಗಳು ನಮ್ಮನ್ನು ಕರೆದವು. ಬೆಂಗಳೂರಿನಲ್ಲೂ ಹಾಡಿದೆವು. ಕೆಲವು ವರ್ಷಗಳ ನಂತರ ಬ್ಯಾಂಡ್ ನಿಂತಿತು, ಮೂವರೂ ನಮ್ಮ ನಮ್ಮ ಕೆಲಸ ಹಿಡಿದೆವು. ಅದಕ್ಕೆ ಬೇಸರವಿಲ್ಲ. ಎಷ್ಟೋ ಕಡೆ ಚಪ್ಪಾಳೆ ಸಿಕ್ಕಿದೆ. ಆದರೆ ತುಂಬಿದ ಬಸ್ಸಿನಲ್ಲಿ ಅಮ್ಮ “ನನ್ ಮಗಳು” ಎಂದ ಆ ಗಳಿಗೆ ನೆನಪಾದರೆ ಇವತ್ತಿಗೂ ನನ್ನ ಬೆನ್ನು ತಾನಾಗಿ ನೆಟ್ಟಗಾಗುತ್ತದೆ.