ಹಾಲಮ್ಮ ನನ್ನ ಜಾಗದಲ್ಲಿ ನಿಂತಳು

ಆ ನಾಟಕದಲ್ಲಿದ್ದ ಹೆಂಗಸು ನಿಮ್ಮವ್ವ ಅಲ್ಲ, ರತ್ನಾ. ನಾನು. ಗಂಡನ ಮನೆಯವರಿಗೆ ಹೇಳದೆ ಮಕ್ಕಳಾಗದ ಆಪರೇಷನ್ ಮಾಡಿಸಿಕೊಂಡು ಬಂದವಳು ಪಕ್ಕದ ಮನೆಯ ಈ ಗೌರಮ್ಮ. ನಿಮ್ಮವ್ವ ಹಾಲಮ್ಮನ ಹೊಟ್ಟೆಯ ಮೇಲೆ ಒಂದು ಗೆರೆಯೂ ಇರಲಿಲ್ಲ. ನನ್ನ ಹೊಟ್ಟೆಯ ಮೇಲೆ ಐತೆ — ಈಗಲೂ ಐತೆ.

ಮೂರನೇ ಕ್ಲಾಸಿಗೆ ಶಾಲೆ ಬಿಟ್ಟವಳು ನಾನು. ಬರೆಯುವುದು ನಿಧಾನ. ಆದರೆ ಇದನ್ನು ಇನ್ನೊಬ್ಬರ ಕೈಲಿ ಬರೆಸುವುದಲ್ಲ. ನೀನು ಆಗ ಏಳೆಂಟು ವರ್ಷದವಳು. ನಿನಗೆ ಗೊತ್ತಿರುವುದು ಊರು ಹೇಳಿದ್ದು ಮಾತ್ರ. ಮೊದಲಿಂದ ಹೇಳುತ್ತೇನೆ.

ಮೂರನೆಯದೂ ಹೆಣ್ಣೇ ಆದಾಗ ನಾನು ನ್ಯಾಮತಿ ಕಡೆ ತವರಲ್ಲಿದ್ದೆ. ಎಪ್ಪತ್ತರ ದಶಕ ಮುಗಿಯುತ್ತಾ ಬಂದಿತ್ತು. ಆಪರೇಷನ್ ಜೀಪು ಬಂತೆಂದರೆ ಗಂಡಸರು ಕಬ್ಬಿನ ಗದ್ದೆ ಸೇರುತ್ತಿದ್ದ ದಿನಗಳನ್ನು ಜನ ಇನ್ನೂ ಮರೆತಿರಲಿಲ್ಲ. ಮೂರು ಬಾಣಂತನದಲ್ಲಿ ಎರಡು ಸಲ ಸತ್ತು ಬದುಕಿದ್ದೆ. ಅವ್ವನೇ ಕರೆದುಕೊಂಡು ಹೋದಳು, ಅವ್ವನೇ ಹೆಬ್ಬೆಟ್ಟು ಒತ್ತಿದಳು. ವಾಪಸ್ಸು ಬಂದು ಅತ್ತೆಗೆ, ಹೊಟ್ಟೆಯಲ್ಲಿ ಗಡ್ಡೆ ಇತ್ತು, ತೆಗೆಸಿದೆ ಅಂದೆ. ನಂಬಿದರು. ಅತ್ತೆ ಮುಂದೆ ಆರು ವರ್ಷ ಗಂಡು ಮೊಮ್ಮಗನಿಗೆ ಹರಕೆ ಹೊತ್ತಳು. ಆಕೆ ಉಪವಾಸ ಇದ್ದ ಸೋಮವಾರಗಳಲ್ಲಿ ನಾನು ಹೊಟ್ಟೆ ತುಂಬ ಉಂಡೆ. ಸುಳ್ಳು ಹೇಳಿ ಏನಾಗಬೇಕು.

ಈ ವಿಷಯ ನಿಮ್ಮವ್ವನಿಗೂ ಹೇಳಿರಲಿಲ್ಲ. ಸೂಳೆಕೆರೆ ಕಾಲುವೆಯ ನೀರಿಗೆ ನಮ್ಮ ಗದ್ದೆಗಳು. ನಾಟಿಯಲ್ಲಿ ನಾವಿಬ್ಬರೂ ಜೋಡಿ. ಆಕೆ ನೀರಿಲ್ಲದ ಜಗಳೂರು ಸೀಮೆಯವಳು, ಬಂದ ವರ್ಷ ಕೆಸರಿಗೆ ಇಳಿಯಲು ಹೆದರಿ ಬದುವಿನ ಮೇಲೆ ನಿಂತಿದ್ದಳು. ಕೈ ಹಿಡಿದು ಇಳಿಸಿದ್ದು ನಾನು. ಆಮೇಲೆ ನನಗಿಂತ ಜೋರಾಗಿ ನಾಟಿ ಹಾಕಿದಳು. ಆಕೆಗೂ ಎರಡು ಹೆಣ್ಣು — ನೀನು, ನಿನ್ನ ತಂಗಿ.

ಎಂಬತ್ತರ ದಶಕದ ನಡುವೆ ದಾವಣಗೆರೆ ಕಡೆಯ ಹುಡುಗ ಹುಡುಗಿಯರು ಆರು ಜನ, ಹೆಗಲಿಗೊಂದು ಚೀಲ, ಒಂದು ತಮಟೆ ಹಿಡಿದು ನಮ್ಮೂರಿಗೆ ಬಂದರು. ಶಾಲೆಯಲ್ಲಿ ಒಂದು ವಾರ ಇದ್ದರು. ಬೀದಿ ನಾಟಕ ಆಡುವವರು, ಆದರೆ ನಾಟಕ ತಂದಿರಲಿಲ್ಲ. ಕತೆ ನೀವು ಹೇಳಿ, ಆಡುವುದು ನಾವು, ಅರ್ಧಕ್ಕೆ ನಿಲ್ಲಿಸುತ್ತೇವೆ, ಆಮೇಲೆ ನಿಮ್ಮಲ್ಲೇ ಯಾರಾದರೂ ಎದ್ದು ಬಂದು ಮುಂದಿನದು ಆಡಿ ತೋರಿಸಿ ಅಂದರು. ನಮಗೆ ನಗು.

“ನಮ್ ಕತೆ ಕೇಳಾಕೆ ಅಷ್ಟು ದೂರದಿಂದ ಬಂದೀರೇನ್ರೀ? ನಮ್ ಮನೆಯೋರೇ ಕೇಳಲ್ಲ,” ಅಂದವಳು ನಿಮ್ಮವ್ವನೇ.

ಅವರಲ್ಲಿ ಸುಮಿತ್ರಾ ಅಂತ ಒಬ್ಬ ಹುಡುಗಿ, ಕಪ್ಪಗಿನವಳು, ಕಮ್ಮಿ ಮಾತು. ಮನೆಮನೆಗೆ ಬಂದು ಹೆಂಗಸರ ಪಕ್ಕ ಕೂರುತ್ತಿದ್ದಳು. “ನನಗೆ ಹಿಂಗಾಯ್ತು ಅನ್ನಬೇಡ್ರಿ. ಒಬ್ಬಾಕೆಗೆ ಹಿಂಗಾಯ್ತಂತೆ ಅನ್ರಿ, ಸಾಕು,” ಅಂದಳು. ನಮ್ಮನ್ನು ಕಾಯಲೆಂದೇ ಹಾಗೆ ಮಾಡಿದ್ದು ಆ ಹುಡುಗಿ. ಅವಳ ತಪ್ಪು ಇದರಲ್ಲಿ ಏನೂ ಇಲ್ಲ.

ಅವಳು ನಮ್ಮಲ್ಲಿಗೆ ಬಂದಾಗ ಮನೆಯಲ್ಲಿ ಬೇರೆ ಯಾರೂ ಇರಲಿಲ್ಲ. ನಾನು ಅಕ್ಕಿ ಕೇರುತ್ತಿದ್ದೆ. ಯಾಕೆ ಹೇಳಿದೆನೋ — ಆರು ವರ್ಷ ಬಾಯಲ್ಲಿ ಇಟ್ಟುಕೊಂಡಿದ್ದು, ಗುರುತಿಲ್ಲದವಳು ಸಿಕ್ಕಳು, ಬಂದುಬಿಟ್ಟಿತು. ಎಲ್ಲಾ ಹೇಳಿದೆ. “ಒಬ್ಬಾಕೆ” ಅಂತಲೇ ಹೇಳಿದೆ. ಹೇಳುತ್ತಾ ಅತ್ತುಬಿಟ್ಟೆ. ಅವಳು ಏನೂ ಬರೆದುಕೊಳ್ಳಲಿಲ್ಲ, ನನ್ನನ್ನೇ ನೋಡುತ್ತಾ ಕೂತಿದ್ದಳು. ಆಮೇಲೆ ಕೇಳಿದಳು — ಆ ಒಬ್ಬಾಕೆ ಹೆಂಗಿರ್ತಾಳೆ, ಹೆಂಗೆ ನಡೀತಾಳೆ, ನಾನೇ ಆಡೋದು, ಸ್ವಲ್ಪ ಹೇಳ್ರಿ ಅಂತ.

ಅಲ್ಲಿ ನನಗೆ ಭಯ ಹುಟ್ಟಿತು. ಇದು ನಾನೇ ಅಂತ ಊರಿಗೆ ಗೊತ್ತಾದರೆ? ಪಕ್ಕದ ಅಂಗಳದಲ್ಲಿ ನಿಮ್ಮವ್ವ ಸಗಣಿ ಸಾರಿಸುತ್ತಿದ್ದಳು. ನೋಡಿದೆ. ನೋಡಿ ಹೇಳಿದೆ — “ಸೆರಗು ಕಿವಿ ಹಿಂದಕ್ಕೆ ಸಿಕ್ಕಿಸ್ಕೊಂತಾಳೆ. ಎಡಗಾಲು ಒಂದೀಟು ಎಳೀತಾಳೆ. ಎರಡು ಹೆಣ್ಣುಮಕ್ಕಳು.” ನನಗೆ ಮೂರು. ಎರಡು ಅಂದೆ. ಬಾಯಿ ತಪ್ಪಿ ಅಂದಿದ್ದಲ್ಲ ರತ್ನಾ, ತಿಳಿದೇ ಅಂದಿದ್ದು.

ದನ ಮನೆಗೆ ಬರುವ ಹೊತ್ತಿಗೆ ಶಾಲೆ ಬಯಲಲ್ಲಿ ಸುಣ್ಣದಲ್ಲಿ ದುಂಡಗೆ ಗೆರೆ ಎಳೆದು ನಾಟಕ ಆಡಿದರು. ದಪ್ಪ ಮೀಸೆಯವನೊಬ್ಬ ತಲೆಗೆ ಟವಲ್ ಹೊದ್ದು ಅತ್ತೆಯಾದ. ಜನ ಬಿದ್ದು ಬಿದ್ದು ನಕ್ಕರು. ಸುಮಿತ್ರಾ ಸೆರಗು ಕಿವಿ ಹಿಂದೆ ಸಿಕ್ಕಿಸಿ ಎಡಗಾಲು ಎಳೆದುಕೊಂಡು ಬಂದಾಗ ನಗು ಸಣ್ಣಗಾಯಿತು. ಒಬ್ಬರಿಗೊಬ್ಬರು ಮೊಣಕೈಲಿ ತಿವಿದರು. ಸೊಸೆ ಕದ್ದು ಆಪರೇಷನ್ ಮಾಡಿಸಿಕೊಂಡದ್ದು, ಅತ್ತೆ ಹರಕೆ ಹೊತ್ತದ್ದು, ಸೊಸೆ ಮೂಲೆಯಲ್ಲಿ ಕೂತು ಅತ್ತದ್ದು, ಎಲ್ಲಾ ಬಂತು. ಕೊನೆಗೆ ಅತ್ತೆ ಸೊಸೆಯ ರಟ್ಟೆ ಹಿಡಿದು ಕೇಳಿದ, “ಏನು ಮಾಡಿಸ್ಕೊಂಡು ಬಂದೆ, ಬೊಗಳು.” ಅಲ್ಲಿಗೆ ನಿಲ್ಲಿಸಿದರು.

“ಈಕೆ ಜಾಗದಾಗೆ ಯಾರಾದ್ರೂ ಬಂದು ನಿಂದ್ರಿ. ನೀವಾಗಿದ್ರೆ ಏನಂತಿದ್ರಿ?” ಅಂತ ಸುಮಿತ್ರಾ ನಮ್ಮ ಕಡೆ ತಿರುಗಿದಳು.

ಯಾರೂ ಏಳಲಿಲ್ಲ. ನಾನು ನೆಲ ನೋಡಿದೆ.

ನಿಮ್ಮವ್ವ ಎದ್ದಳು. ಮಡಿಲಲ್ಲಿದ್ದ ನಿನ್ನ ತಂಗಿಯನ್ನು ನನ್ನ ಮಡಿಲಿಗೆ ಹಾಕಿ ಹೋದಳು. ಗೆರೆಯ ಒಳಗೆ ನಿಂತು ಆ ಮೀಸೆಯವನಿಗೆ ಹೇಳಿದಳು — “ಹೌದತ್ತೆ, ಮಾಡಿಸ್ಕೊಂಡೀನಿ. ಹೆತ್ತು ಸಾಕಾಗಿ ಮಾಡಿಸ್ಕೊಂಡೀನಿ. ಇನ್ನೊಂದು ಬೇಕಂದ್ರೆ ನಿಮ್ಮ ಮಗನ್ನ ಕೇಳ್ರಿ, ಹೆತ್ತು ಕೊಡ್ತಾನೇನೋ.” ಹೆಂಗಸರೆಲ್ಲಾ ಚಪ್ಪಾಳೆ ಹೊಡೆದರು. ನಾನೂ ಹೊಡೆದೆ. ನಿಮ್ಮ ಅಜ್ಜಿ ಹೊಡೆಯಲಿಲ್ಲ. ನಿಮ್ಮಪ್ಪ ಎದ್ದು ಹೋದ.

ಮರುದಿನ ಅವರು ಹೊನ್ನಾಳಿ ಬಸ್ಸು ಹತ್ತಿದರು. ಇಲ್ಲಿ ಏನಾಯಿತೆಂದು ಅವರಿಗೆ ಇವತ್ತಿಗೂ ಗೊತ್ತಿರಲಾರದು. ಊರು ಮಾತ್ರ ಕಾಲುವೆ ದಂಡೆಯಲ್ಲಿ ಬಟ್ಟೆ ಒಗೆಯುತ್ತಾ ತೀರ್ಮಾನ ಮಾಡಿತು — ನಾಟಕ ಅನ್ನೋದು ನೆಪ, ಆಕೆಯ ಬಾಯಿಂದ ನಿಜ ಹೊರಗೆ ಬಂತು ಅಂತ.

ಮೂರನೇ ದಿನ ನಿಮ್ಮಪ್ಪ ಮಲ್ಲೇಶಪ್ಪ ನಮ್ಮ ಬಾಗಿಲಿಗೆ ಬಂದ. “ಅತ್ತಿಗೀ, ಆ ಹುಡುಗಿ ನಿಮ್ಮ ಮನೆಯಾಗೆ ಬಾಳ ಹೊತ್ತು ಕುಂತಿದ್ಲು. ಯಾರ ಕತೆ ಅದು?” ಅಂತ ಕೇಳಿದ.

ಒಳಗೆ ನನ್ನ ಗಂಡ ಉಣ್ಣುತ್ತಿದ್ದ. ನಾನು ಅಂದೆ — “ನನ್ನ ಯಾಕೆ ಕೇಳ್ತೀಯಪ್ಪಾ? ಆಕೆ ಎದ್ದು ನಿಂತು ತನ್ನ ಬಾಯಿಂದ ಹೇಳಿದ್ದನ್ನ ನೀನೂ ಕೇಳಿದ್ಯಲ್ಲ.”

ಇಷ್ಟೇ. ಬೇರೆ ಯಾರು ಏನೇ ಅಂದಿರಲಿ, ನಿಮ್ಮವ್ವನ ಬಾಳ್ವೆ ಮುರಿದದ್ದು ಈ ಮಾತು. ಎಷ್ಟು ಸಲ ಇದನ್ನು ನನ್ನೊಳಗೇ ಬೇರೆ ಥರ ಹೇಳಿ ನೋಡಿದ್ದೇನೆ — “ಅದು ನನ್ನದಪ್ಪಾ” ಅಂತ ಎರಡೇ ಮಾತು ಸಾಕಿತ್ತು. ಆದರೆ ಹೇಳಿದ್ದು ಅದಲ್ಲ.

ನಿಮ್ಮ ಅಜ್ಜಿ ಗುರುತು ತೋರಿಸು ಅಂತ ಹಟ ಹಿಡಿದಳು. ಸೆರಗು ಸರಿಸಿದ್ದರೆ ಅಲ್ಲಿಗೆ ಮುಗಿಯುತ್ತಿತ್ತು. ನಿಮ್ಮವ್ವ ಸರಿಸಲಿಲ್ಲ. “ನಾನೇನು ಸಂತೆಗೆ ಹೊಡೆದ ದನ ಅಲ್ಲ, ಸುಳಿ ನೋಡಿ ಕಟ್ಟಿಕೊಳ್ಳಾಕೆ,” ಅಂದದ್ದು ಗೋಡೆ ದಾಟಿ ನನಗೆ ಕೇಳಿಸಿತು. ನಾನು ಒಲೆ ಊದುತ್ತಿದ್ದೆ. ಊದುತ್ತಲೇ ಇದ್ದೆ. ಸುಗ್ಗಿ ಮುಗಿಯುತ್ತಿದ್ದಂತೆ ಮನೆಗೆ ಇನ್ನೊಬ್ಬಳು ಬಂದಳು. ನಿಮ್ಮವ್ವ ನಿಮ್ಮಿಬ್ಬರನ್ನೂ ಕರೆದುಕೊಂಡು ತವರಿಗೆ ಹೊರಟಳು.

ಬಸ್ಸಿನವರೆಗೆ ಗಂಟು ಹೊತ್ತುಕೊಂಡು ನಾನು ಬಂದೆ. ನಿನಗೆ ನೆನಪಿರಬಹುದು, ನೀನು ಮೈಲಿಗಲ್ಲಿನ ಮೇಲೆ ಕೂತಿದ್ದೆ. ನಿಮ್ಮವ್ವ ನನ್ನ ಮೋರೆ ನೋಡದೆ ಹೇಳಿದಳು:

“ಆ ಹುಡುಗಿ ನನ್ನಂಗೆ ನಡೆದ್ಲು ಅಕ್ಕಾ, ನೋಡ್ದೆ. ಆದ್ರೆ ಅಳುವಾಗ ಕಣ್ಣು ಒರೆಸ್ಲಿಲ್ಲ. ಮೇಲೆ ಜಂತಿ ಐತೇನೋ ಅನ್ನಂಗೆ ಮೋರೆ ಎತ್ತಿ ಕುಂತ್ಲು. ಹಂಗೆ ಅಳಾಕಿ ಈ ಊರಾಗೆ ನೀನೊಬ್ಬಾಕೆ. ನೀನು ಏಳಲ್ಲ ಅಂತ ಗೊತ್ತಾತು. ಅದಕ್ಕೆ ನಾನು ಎದ್ದೆ.”

ನಾನು ಏನಂದೆ ಗೊತ್ತಾ? “ಬಸ್ ಬಂತು ನೋಡು” ಅಂದೆ.

ಗೊತ್ತಿತ್ತು ಆಕೆಗೆ. ಗೊತ್ತಿದ್ದೂ ಮನೆಯವರ ಮುಂದೆ ನನ್ನ ಹೆಸರು ಎತ್ತಲಿಲ್ಲ. ಯಾಕೆ ಅಂತ ನಾನು ಕೇಳಲಿಲ್ಲ — ಕೇಳುವ ಮೋರೆ ಎಲ್ಲಿತ್ತು.

ನನ್ನ ಸಂಸಾರ ಉಳಿಯಿತು. ಗಂಡ ಏನೂ ತಿಳಿಯದೆ ತೀರಿಕೊಂಡ. ಆದರೆ ಆ ವರ್ಷದಿಂದ ನಾಟಿಯ ಸಾಲಿನಲ್ಲಿ ನಾನು ಯಾರ ಜೋಡಿಗೂ ನಿಲ್ಲಲಿಲ್ಲ. ಇಪ್ಪತ್ತು ಹೆಂಗಸರ ನಡುವೆ ಬಾಗಿ ನಿಂತು ದಿನವಿಡೀ ಒಂದು ಮಾತಿಲ್ಲದೆ ಮನೆಗೆ ಬರುತ್ತಿದ್ದೆ. ಸೊಕ್ಕು ಅಂದರು. ಅನ್ನಲಿ. ಜಗಳೂರು ಏನು ಕಾಶಿಯಲ್ಲ, ಬೆಳಿಗ್ಗೆ ಹತ್ತಿದರೆ ಮಧ್ಯಾಹ್ನಕ್ಕೆ ಊರು. ಒಂದು ಸಲವೂ ಹೋಗಲಿಲ್ಲ. ಹಾಲಮ್ಮ ತೀರಿಕೊಂಡಳಂತೆ ಅಂತ ಒಂದು ಮದುವೆ ಊಟದಲ್ಲಿ ಯಾರೋ ಅಂದರು, ಪಾಯಸ ಬಡಿಸುತ್ತಾ. ಎಲೆ ಮಡಚಿ ಎದ್ದೆ. ಅಳಲೂ ಇಲ್ಲ.

ಮೊನ್ನೆ ನಿಮ್ಮಪ್ಪನ ಹತ್ತಿರ ಹೋದೆ. ಈಗ ಮುದುಕ, ಜಗಲಿ ಬಿಟ್ಟು ಏಳುವುದಿಲ್ಲ. ಅಕ್ಕಪಕ್ಕ ನಾಲ್ಕು ಜನ ಇರುವಾಗಲೇ ಹೇಳಿದೆ — ಆ ಕತೆ ನನ್ನದು, ಹಾಲಮ್ಮಂದಲ್ಲ ಅಂತ. ಹೆಗಲ ಟವಲ್ ತೆಗೆದು ಮೋರೆ ಒರೆಸಿಕೊಂಡ. ಆಮೇಲೆ, “ಆಕೆ ಮೈಮೇಲೆ ಗುರುತಿರಲಿಲ್ಲ ಅಂತ ನನಗೆ ಗೊತ್ತಿತ್ತು ಅತ್ತಿಗೀ,” ಅಂದ.

ಅವನ ಪಾಪ ಅವನದು, ನಾನು ಅದರ ಹಿಂದೆ ಅಡಗಲ್ಲ. ಹೆಂಡತಿಯನ್ನು ಬಿಡಲು ದಾರಿ ಹುಡುಕುತ್ತಿದ್ದವನು ಕೇಳಿಕೊಂಡು ಬಂದದ್ದು ನನ್ನ ಬಾಗಿಲಿಗೆ. ದಾರಿ ತೋರಿಸಿ ಕಳಿಸಿದವಳು ನಾನು.

ಕ್ಷಮಿಸು ಅಂತ ನಿನ್ನನ್ನು ಕೇಳುವುದಿಲ್ಲ. ಅದನ್ನು ಕೇಳಬೇಕಾಗಿದ್ದವಳು ಬದುಕಿದ್ದಾಗ ನಾನು ಹೋಗಲಿಲ್ಲ. ನನ್ನ ದೊಡ್ಡ ಮಗಳಿಗೆ ಹೇಳಿದ್ದೇನೆ; ತಾಟು ಕೆಳಗಿಟ್ಟು ಹೋದವಳು ಇನ್ನೂ ಮಾತಾಡಿಲ್ಲ. ಉಳಿದಿಬ್ಬರಿಗೆ ಈ ವಾರ ಹೇಳುತ್ತೇನೆ. ನೀನು ಇದನ್ನು ನಿನ್ನ ತಂಗಿಗೆ ಓದಿ ಹೇಳು. ನಿಮ್ಮವ್ವನ ಬಗ್ಗೆ ಯಾರಾದರೂ ಬಾಯಿ ಬಿಟ್ಟರೆ ಈ ಕಾಗದ ತೋರಿಸು, ಕೆಳಗೆ ನನ್ನ ಹೆಸರು ಐತೆ.

ನೋಡಲು ಬಾ ಅಂತ ಕರೆಯುವುದಿಲ್ಲ. ನಾನೇ ಬರುತ್ತೇನೆ, ಬರುವ ಸೋಮವಾರ, ಬೆಳಗಿನ ಬಸ್ಸಿಗೆ. ಒಳಗೆ ಕರೆಯದಿದ್ದರೆ ಹೊರಗಿಂದಲೇ ತಿರುಗಿ ಹೋಗುತ್ತೇನೆ.

ಗೌರಮ್ಮ